ಮುಂಚಿತವಾಗಿ ಬರೆದ ಠರಾವು

ಆ ಮಂಗಳವಾರ ಕಚೇರಿಯಲ್ಲಿ ವಿಶೇಷವೇನೂ ನಡೆಯಲಿಲ್ಲ. ಹತ್ತು ಗಂಟೆಗೆ ಬೀಗ ತೆಗೆದೆ, ಕಿಟಕಿಗಳನ್ನು ತೆರೆದೆ, ಗೋಡೆಯ ಫೋಟೋಗಳ ಮೇಲಿದ್ದ ಒಣಗಿದ ಹಾರಗಳನ್ನು ಇಳಿಸಿದೆ. ಹನ್ನೊಂದರ ಸುಮಾರಿಗೆ ಖಾನಾಪುರದ ಬಸ್ಸು ಇಳಿದು ಮಕ್ತುಮಸಾಬರು ಬಂದರು. ಅವರು ನಮ್ಮ ಪಕ್ಷದ ಖಾನಾಪುರ ತಾಲೂಕು ಕಚೇರಿಯನ್ನು ನೋಡಿಕೊಳ್ಳುತ್ತಿದ್ದವರು. ನಾನು ಬೆಳಗಾವಿಯಲ್ಲಿ ಜಿಲ್ಲಾ ಕಚೇರಿಯ ಟೈಪಿಸ್ಟ್, ಆಮೇಲೆ ಕಚೇರಿ ಕಾರ್ಯದರ್ಶಿ. ಇಬ್ಬರೂ ಪಕ್ಷದ ಸಂಬಳದ ಮೇಲೆ ಇದ್ದವರು, ಲೀಡರುಗಳಲ್ಲ. ಅವರು ನನಗಿಂತ ಎರಡು ವರ್ಷ ದೊಡ್ಡವರು. ಆದರೂ ನನ್ನನ್ನು ಅಕ್ಕಾ ಎನ್ನುತ್ತಿದ್ದರು, ನಾನು ಅವರನ್ನು ಅಣ್ಣಾ ಎನ್ನುತ್ತಿದ್ದೆ. ಅವರ ಒಂದು ಕೈಯಲ್ಲಿ ಎಲೆಯಲ್ಲಿ ಕಟ್ಟಿದ ನೇರಲ ಹಣ್ಣು ಇತ್ತು, ಬಗಲಲ್ಲಿ ನಾಲ್ಕು ನೋಟ್‌ಬುಕ್.

“ಅಕ್ಕಾ, ಮೊದಲ ಹಣ್ಣು ತಿನ್ರಿ, ಆಮ್ಯಾಲ ಟೈಪ್ ಮಾಡ್ರಿ. ನಾಲಗಿ ನೀಲಿ ಆಕ್ಕೈತಿ, ಇವತ್ತ ಮಂತ್ರಿಗಳ ಮುಂದ ಬಾಯಿ ಮಾತ್ರ ತಗೀಬ್ಯಾಡ್ರಿ.”

“ಅವರ ಮುಂದ ನಾ ಯಾವಾಗ ಬಾಯಿ ತಗದೇನಿ, ಮಕ್ತುಮಣ್ಣಾ?”

ಅವರು ನಕ್ಕರು. ನೋಟ್‌ಬುಕ್ಕುಗಳಲ್ಲಿ ಖಾನಾಪುರ ತಾಲೂಕಿನ ಹಳ್ಳಿಗಳಲ್ಲಿ ಓದಿ ಕೆಲಸವಿಲ್ಲದೆ ಕುಳಿತವರ ಹೆಸರುಗಳಿದ್ದವು. ನಾನು ಕಂಪ್ಯೂಟರಿನಲ್ಲಿ ಟೈಪ್ ಮಾಡುತ್ತಾ ಹೋದೆ, ಅಕ್ಷರ ತಿಳಿಯದ ಕಡೆ ಅವರು ಓದಿ ಹೇಳಿದರು. ಮೂರು ಗಂಟೆಗೆ ಪ್ರತಿ ತೆಗೆದು ನಮ್ಮ ಜಿಲ್ಲಾ ಅಧ್ಯಕ್ಷರ ಕೈಗೆ ಕೊಟ್ಟೆ. ಮಕ್ತುಮಣ್ಣ ಚಹಾ ಕುಡಿದು ಎದ್ದರು. “ಕಣಕುಂಬಿ ಕಡೀದು ಇನ್ನೂ ಒಂದು ವಹಿ ಉಳದೈತಿ. ಶುಕ್ರವಾರ ತರ್ತೇನಿ,” ಎಂದರು. ನಾನು ಹೂಂ ಎಂದೆ. ನಾವಿಬ್ಬರೂ ಮನಸ್ಸಿನಲ್ಲಿ ಏನೂ ಇಲ್ಲದೆ ಮಾತಾಡಿದ ಕೊನೆಯ ದಿನ ಅದು.

ನಾನು ನಿವೃತ್ತಳಾಗಿ ಎರಡು ವರ್ಷವಾಯಿತು. ಮಕ್ತುಮಣ್ಣ ಈಗ ಇಲ್ಲ. ಪಕ್ಷದ ಕಚೇರಿಯ ಕೆಲಸಕ್ಕೆ ಹೊಸದಾಗಿ ಬರುವವರಿಗೆ ಈ ಕೆಲಸ ಹೇಗಿರುತ್ತದೆ ಎಂದು ನಾಲ್ಕು ಪುಟ ಬರೆದುಕೊಡಿ ಎಂದು ನನ್ನ ಜಾಗಕ್ಕೆ ಬಂದ ಹುಡುಗಿ ಕೇಳಿದ್ದಳು. ಅವಳಿಗೆ ಬೇಕಾದದ್ದು ಪತ್ರ ಹೇಗೆ ಬರೆಯಬೇಕು, ಯಾರಿಗೆ ಯಾವ ಕುರ್ಚಿ ಹಾಕಬೇಕು ಎನ್ನುವುದು ಇರಬಹುದು. ಅದನ್ನೂ ಬರೆಯುತ್ತೇನೆ. ಆದರೆ ಮಕ್ತುಮಣ್ಣನ ವಿಷಯ ಬಿಟ್ಟು ಬರೆಯಲು ನನ್ನಿಂದ ಆಗುವುದಿಲ್ಲ.

ನಮ್ಮದು ಸಾಂಬ್ರಾ ಬದಿಯ ಹಳ್ಳಿ, ಕುರಿ ಕಾಯುವ ಮನೆತನ. ಮನೆಯಲ್ಲಿ ಎಸ್ಸೆಸ್ಸೆಲ್ಸಿ ಮುಗಿಸಿದವಳು ನಾನೊಬ್ಬಳೇ. ಬೆಳಗಾವಿಗೆ ಬಂದು ಕನ್ನಡ ಟೈಪಿಂಗ್ ಸೀನಿಯರ್ ಪಾಸು ಮಾಡಿದೆ. ಯಾರೋ ಪರಿಚಯದವರು ಪಕ್ಷದ ಕಚೇರಿಗೆ ಸೇರಿಸಿದರು. ಆಗ ಅಲ್ಲಿ ದೇಸಾಯಿ ಮಾಸ್ತರರು ಎಂಬ ವಯಸ್ಸಾದ ಕಾರ್ಯದರ್ಶಿ ಇದ್ದರು. ನನಗೆ ಕೆಲಸ ಕಲಿಸಿದವರು ಅವರೇ. ಮೊದಲ ವಾರದಲ್ಲಿಯೇ ಅವರು ಹೇಳಿದ ಒಂದು ಮಾತನ್ನು ಮೂವತ್ತೊಂದು ವರ್ಷ ಪಾಲಿಸಿದೆ.

“ನೋಡವಾ, ಸಭಾ ಆದಮ್ಯಾಲ ನಡಾವಳಿ ಬರಿಯಾಕ ಕುಂತರ ಹತ್ತು ಮಂದಿ ಹತ್ತು ಥರಾ ಹೇಳ್ತಾರ. ಸಭಾ ಆಗೂ ಹಿಂದಿನ ದಿನಾನಽ ಬರದು ಇಟ್ಟಬಿಡಬೇಕು. ಸೂಚಕರು, ಅನುಮೋದಕರು ಅಂತ ಎರಡು ಗೆರಿ ಖಾಲಿ ಬಿಡು. ಕಡೀಕ ಸರ್ವಾನುಮತದಿಂದ ಅಂತ ಹಾಕು.”

ನಮ್ಮ ನಡಾವಳಿ ಪುಸ್ತಕ ದಪ್ಪ ರಟ್ಟಿನದು. ಎಡಗಡೆಯ ಪುಟದಲ್ಲಿ ಟೈಪ್ ಮಾಡಿದ ಠರಾವಿನ ಹಾಳೆಯನ್ನು ಅಂಟಿಸುತ್ತಿದ್ದೆ. ಬಲಗಡೆಯ ಪುಟದಲ್ಲಿ ಸಭೆಗೆ ಬಂದವರು ಒಳಗೆ ಹೋಗುವಾಗಲೇ ಹಾಜರಿ ಸಹಿ ಮಾಡುತ್ತಿದ್ದರು. ಎಡಗಡೆ ಏನಿದೆ ಎಂದು ಯಾರೂ ನೋಡುತ್ತಿರಲಿಲ್ಲ. ಸಭೆಯಲ್ಲಿ ಯಾವ ಠರಾವು ಆಗಬೇಕೆಂದು ಮೊದಲೇ ಮೇಲಿನವರು ಮಾತಾಡಿಕೊಂಡಿರುತ್ತಿದ್ದರು. ಆದ್ದರಿಂದ ಬಹಳ ಸಲ ಇದರಿಂದ ತೊಂದರೆಯೂ ಆಗಲಿಲ್ಲ.

ಒಂದು ಸಲ ಮಾತ್ರ ಪೇಚಿಗೆ ಸಿಕ್ಕಿದ್ದೆ. ಪಕ್ಷದ ಒಬ್ಬ ಹಿರಿಯರು ಆಸ್ಪತ್ರೆಯಲ್ಲಿದ್ದರು. ಇನ್ನು ಉಳಿಯುವುದಿಲ್ಲ ಎಂದು ಎಲ್ಲರೂ ಹೇಳುತ್ತಿದ್ದರು. ಮರುದಿನ ಸಭೆ ಇತ್ತು. ಸಂಜೆ ಯಾರೋ ಫೋನ್ ಮಾಡಿ “ಮುಗೀತು” ಎಂದರು. ನಾನು ಸಂತಾಪದ ಠರಾವು ಟೈಪ್ ಮಾಡಿ ಅಂಟಿಸಿದೆ. ಮುಗಿದದ್ದು ಅವರ ಆಪರೇಷನ್ ಅಂತೆ, ಅದು ನನಗೆ ತಿಳಿದದ್ದು ಸಭೆಯ ನಂತರ. ಬೆಳಿಗ್ಗೆ ಸಭೆಗೆ ಬೇರೆ ಊರಿನ ಕಾರ್ಯಕರ್ತರು ಬಂದು ಸಾಲಾಗಿ ಸಹಿ ಮಾಡಿ ಒಳಗೆ ಹೋದರು, ಯಾರಿಗೂ ಗೊತ್ತಾಗಲಿಲ್ಲ. ಒಂದು ತಿಂಗಳ ನಂತರ ಆ ಹಿರಿಯರು ಕೋಲು ಊರಿಕೊಂಡು ಕಚೇರಿಗೆ ಬಂದರು, ಹಳೆಯ ಯಾವುದೋ ಸಭೆಯ ಲೆಕ್ಕ ನೋಡಲು ಪುಸ್ತಕ ತೆಗೆಸಿದರು. ಆ ಪುಟ ಬಂದಾಗ ಕನ್ನಡಕ ಏರಿಸಿ ಪೂರ್ತಿ ಓದಿದರು.

“ಅಕ್ಕಾರ, ಛಲೋ ಬರದೀರಿ,” ಎಂದರು. “ಎರಡು ನಿಮಿಷ ಮೌನ ಅಂತ ಐತಿ. ಆವಾಗ ಎಲ್ಲಾರೂ ಸುಮ್ಮ ನಿಂತಿದ್ರೇನ್ರಿ, ಇಲ್ಲಾ ಫೋನ್‌ನ್ಯಾಗ ಮಾತಾಡ್ತಿದ್ರು?”

ಅವರು ಯಾರಿಗೂ ದೂರು ಹೇಳಲಿಲ್ಲ. ಆ ಹಾಳೆಯನ್ನು ಮಾತ್ರ ತಾವೇ ಕಿತ್ತು ಜೇಬಿನಲ್ಲಿ ಇಟ್ಟುಕೊಂಡು ಹೋದರು. ಇದನ್ನು ನಾನೂ ಮಕ್ತುಮಣ್ಣನೂ ವರ್ಷಗಟ್ಟಲೆ ಹೇಳಿಕೊಂಡು ನಕ್ಕಿದ್ದೇವೆ. ಅವರಿಗೆ ನಮ್ಮ ಈ ಪದ್ಧತಿ ಚೆನ್ನಾಗಿ ಗೊತ್ತಿತ್ತು. ಮುಂದೆ ಬರೆಯುವುದನ್ನು ಓದುವಾಗ ಇದು ನೆನಪಿರಲಿ.

ಕೆಲಸ ಬದಲಾದದ್ದು ಮಷಿನ್ ಹೋಗಿ ಕಂಪ್ಯೂಟರ್ ಬಂದದ್ದರಿಂದ ಎಂದು ಹೊಸಬರು ತಿಳಿಯುತ್ತಾರೆ. ನನಗೆ ಕಂಡ ಬದಲಾವಣೆ ಕಚೇರಿಯ ಬಾಗಿಲಿಗೆ ಬರುವ ಜನರದ್ದು. ನಾನು ಸೇರಿದಾಗ ಜನ ರಸ್ತೆ ಕೇಳಲು ಬರುತ್ತಿದ್ದರು, ಬೋರ್‌ವೆಲ್ ಕೇಳಲು, ರೇಷನ್ ಕಾರ್ಡಿಗೆ, ಮಾಸ್ತರಿಕೆಯ ವರ್ಗಾವಣೆಗೆ. ಕೊನೆಯ ಏಳೆಂಟು ವರ್ಷ ಬಂದವರಲ್ಲಿ ಹೆಚ್ಚಿನವರು ಕೆಲಸ ಕೇಳಲು ಬಂದವರು. ಬಿ.ಎಡ್ ಮುಗಿಸಿದವರು ಅಟೆಂಡರ್ ಕೆಲಸವಾದರೂ ಆಗಲಿ ಎನ್ನುತ್ತಿದ್ದರು. ಅವರಿಗೆ ನಾನು ಲೆಟರ್‌ಹೆಡ್ಡಿನಲ್ಲಿ ಶಿಫಾರಸು ಪತ್ರ ಟೈಪ್ ಮಾಡಿ ಕೊಡುತ್ತಿದ್ದೆ. “ಇವರು ನಮಗೆ ಪರಿಚಿತರು, ಒಳ್ಳೆಯ ನಡತೆಯವರು” ಎಂದು ಇರುತ್ತಿತ್ತು. ಪರಿಚಯ ಆಗ ತಾನೇ ಆಗಿರುತ್ತಿತ್ತು.

ಆಟೋ ನಗರದ ಒಂದು ವರ್ಕ್‌ಶಾಪಿನಲ್ಲಿ ಇಪ್ಪತ್ತು ವರ್ಷ ಲೇಥ್ ಮಷಿನ್ ನಡೆಸಿದ ಒಬ್ಬರು ಬಂದಿದ್ದರು. ಮಾಲೀಕ ಎರಡು ಮಷಿನ್‌ಗಳಲ್ಲಿ ಒಂದನ್ನು ಮಾರಿ ಇವರನ್ನು ಬಿಡಿಸಿದ್ದ. ಪತ್ರ ತೆಗೆದುಕೊಂಡು ಹೋದರು. ಆರೇಳು ತಿಂಗಳಾದ ಮೇಲೆ ಅದೇ ಪತ್ರವನ್ನು ಮಡಿಕೆ ಕೆಡದಂತೆ ಪ್ಲಾಸ್ಟಿಕ್ಕಿನಲ್ಲಿಟ್ಟು ತಂದು ನನ್ನ ಟೇಬಲ್ ಮೇಲೆ ಇಟ್ಟರು.

“ಇದನ್ನ ಇಟಗೋರಿ ಅಕ್ಕಾರ. ನನಗೇನೂ ಉಪಯೋಗ ಆಗಲಿಲ್ಲ. ಬ್ಯಾರೇದವರಿಗೆ ಆದ್ರ ಆಗ್ಲಿ.”

ಪತ್ರದಲ್ಲಿ ಅವರ ಹೆಸರಿದೆ, ಬೇರೆಯವರಿಗೆ ಹೇಗೆ ಆಗುತ್ತದೆ ಎಂದು ನಾನು ಹೇಳಲಿಲ್ಲ. ತೆಗೆದು ಇಟ್ಟುಕೊಂಡೆ.

ಈ ವಿಷಯದಲ್ಲಿಯೇ ಪಕ್ಷ ಒಡೆಯಿತು. ಆಗ ರಾಜ್ಯದಲ್ಲಿ ಸರ್ಕಾರ ನಮ್ಮದೇ. ಜಿಲ್ಲೆಯಲ್ಲಿ ಎರಡು ಗುಂಪಾದವು. ಒಂದು ಮಂತ್ರಿಗಳದ್ದು. ನಮ್ಮ ಸರ್ಕಾರವಿದ್ದಾಗ ಕೆಲಸವಿಲ್ಲ ಎಂದು ನಾವೇ ಹೇಳಬಾರದು ಎನ್ನುವುದು ಅವರ ವಾದ. ಇನ್ನೊಂದು ಜಿಲ್ಲಾ ಅಧ್ಯಕ್ಷರದ್ದು. ಹಳ್ಳಿಗಳಲ್ಲಿ ಜನ ಸಿಟ್ಟಾಗಿದ್ದಾರೆ, ಖಾಲಿ ಹುದ್ದೆ ತುಂಬಿ ಎಂದು ನಾವೇ ಸರ್ಕಾರವನ್ನು ಕೇಳಬೇಕು ಎನ್ನುವುದು ಇವರ ವಾದ. ಅಧ್ಯಕ್ಷರು ಹೇಳುತ್ತಿದ್ದದ್ದು ನಿಜ. ಮುಂದಿನ ಚುನಾವಣೆಯಲ್ಲಿ ಮಂತ್ರಿಗಳ ಟಿಕೆಟ್ ಮೇಲೆ ಅವರ ಕಣ್ಣು ಇದ್ದದ್ದೂ ನಿಜ. ಎರಡೂ ಒಂದೇ ಬಾಯಿಂದ ಬರುತ್ತಿದ್ದರಿಂದ ಯಾವುದು ಎಷ್ಟು ಎಂದು ಹೇಳುವುದು ಕಷ್ಟವಾಗುತ್ತಿತ್ತು.

ಆ ದಿನಗಳಲ್ಲಿ ನನ್ನ ದೊಡ್ಡ ಕೆಲಸ ಬ್ಯಾನರುಗಳದ್ದು. ಮೊದಲು ಮಂತ್ರಿಗಳ ಫೋಟೋ ಅಧ್ಯಕ್ಷರದ್ದಕ್ಕಿಂತ ಸ್ವಲ್ಪ ದೊಡ್ಡದಿರುತ್ತಿತ್ತು, ಅದಕ್ಕೆ ಯಾರ ತಕರಾರೂ ಇರಲಿಲ್ಲ. ಗುಂಪಾದ ಮೇಲೆ ಎರಡೂ ಕಡೆಯವರು ಬಂದು ಗೇಣು ಹಾಕಿ ಅಳೆಯತೊಡಗಿದರು. ಕೊನೆಗೆ ನಾನು ಎರಡು ಬ್ಯಾನರ್ ಮಾಡಿಸಿ ಒಂದರ ಹಿಂದೆ ಒಂದು ಕಟ್ಟಿಸುತ್ತಿದ್ದೆ. ಯಾರ ಕಾರು ಮೊದಲು ಬರುತ್ತದೋ ಅವರದ್ದನ್ನು ಮುಂದೆ ಬಿಡುವುದು. ಒಮ್ಮೆ ಇಬ್ಬರೂ ಒಂದೇ ಸಲಕ್ಕೆ ಬಂದುಬಿಟ್ಟರು. ಎರಡನ್ನೂ ಸುತ್ತಿ ಮೂಲೆಗೆ ಇಟ್ಟು ಬರೀ ಗೋಡೆಯ ಮುಂದೆ ಸಭೆ ಮಾಡಿದೆವು.

ಮಕ್ತುಮಣ್ಣನಿಗೆ ಪಟ್ಟಿ ಮಾಡಲು ಹೇಳಿದವರು ಅಧ್ಯಕ್ಷರು. ನನ್ನ ಟೇಬಲ್ಲಿನ ಮುಂದೆಯೇ ಹೇಳಿದರು.

“ಮಕ್ತುಮ, ನೀ ಖಾನಾಪುರದ ಹಳ್ಳಿಹಳ್ಳಿ ಗೊತ್ತಿದ್ದಾಂವ. ಯಾರ‍್ಯಾರಿಗೆ ಕೆಲಸ ಇಲ್ಲ, ಪಟ್ಟಿ ಮಾಡು. ಮ್ಯಾಲ ಕಳಸೂಣು.”

“ಕಾಗದದ ಮ್ಯಾಲ ಒಂದು ಆರ್ಡರ್ ಕೊಡ್ರಿ ಸಾಹೇಬ್ರ.”

“ನನ್ನ ಮಾತಿನಾಗ ನಿನಗ ಭರೋಸಾ ಇಲ್ಲೇನು?”

ಮಕ್ತುಮಣ್ಣ ಮುಂದೆ ಕೇಳಲಿಲ್ಲ. ನಾನಾದರೂ ಎರಡು ಸಾಲು ಟೈಪ್ ಮಾಡಿ ಸಹಿಗೆ ಇಡಬಹುದಿತ್ತು. ನಿಮಗೆ ಇದೊಂದು ಹೇಳುತ್ತೇನೆ, ಬಾಯಿಮಾತಿನ ಮೇಲೆ ಯಾರಾದರೂ ಕೆಲಸಕ್ಕೆ ಹೊರಟರೆ ಅದನ್ನು ಅಂದೇ ಕಾಗದಕ್ಕೆ ಇಳಿಸಿ. ನಾನು ಇಳಿಸಲಿಲ್ಲ.

ಅವರು ಎರಡು ತಿಂಗಳು ಓಡಾಡಿದರು. ಶಾಲೆಯ ಕಟ್ಟೆಯ ಮೇಲೆ, ಗ್ರಾಮ ಪಂಚಾಯ್ತಿಯ ಪಡಸಾಲೆಯಲ್ಲಿ ಕುಳಿತು ಒಬ್ಬೊಬ್ಬರನ್ನೇ ಕೇಳಿ ಬರೆದರು. ಮನೆಯಲ್ಲಿ ಅವರದು ದಖ್ಖನಿ, ಹಳ್ಳಿಗಳಲ್ಲಿ ಮರಾಠಿ, ನನ್ನೊಡನೆ ಕನ್ನಡ. ಮೂರೂ ಒಂದೇ ಸಮ ಬರುತ್ತಿದ್ದವು. ನೋಟ್‌ಬುಕ್ಕಿನಲ್ಲಿ ಐದು ಕಾಲಂ ಹಾಕಿದ್ದರು: ಹೆಸರು, ಊರು, ಓದು, ಈಗ ಏನು ಮಾಡುತ್ತಾರೆ, ಎಂಥ ಕೆಲಸ ಬೇಕು. ಕೊನೆಯ ಕಾಲಮ್ಮಿಗೆ ಬಹಳ ಹೊತ್ತು ಹಿಡಿಯುತ್ತಿತ್ತಂತೆ.

“ಯಾರೂ ಅದನ್ನ ಅವರಿಗೆ ಕೇಳೇ ಇಲ್ಲ ಅಕ್ಕಾ. ಎಂಥಾ ಕೆಲಸ ಬೇಕು ಅಂದ್ರ ನನ್ನ ಮಾರಿ ನೋಡ್ತಾರ. ಚ್ಯಾಷ್ಟಿ ಮಾಡ್ತಾನೇನು ಅಂತ.”

ಘಾಟಿನ ಅಂಚಿನ ಒಂದು ಹಳ್ಳಿಯ ಹುಡುಗಿ, ಎಂ.ಎಸ್ಸಿ. ಮುಗಿಸಿದವಳು. ಆ ಕಡೆಯ ಬಹಳ ಮಂದಿ ಘಾಟ್ ಇಳಿದು ಗೋವಾದ ಹೋಟೆಲು, ಫ್ಯಾಕ್ಟರಿಗಳಿಗೆ ಹೋಗುತ್ತಾರೆ. ಅವಳೂ ಒಂದು ವರ್ಷ ಹೋಗಿ ತಿರುಗಿ ಬಂದಿದ್ದಳು. ಎಂಥ ಕೆಲಸ ಬೇಕು ಎನ್ನುವ ಕಡೆ ಮಕ್ತುಮಣ್ಣ ಅವಳು ಹೇಳಿದ್ದನ್ನು ಹೇಳಿದ ಹಾಗೆಯೇ ಬರೆದಿದ್ದರು: ಸಂಜೆಗೆ ಮನೆಗೆ ಬರುವಂಥದ್ದು. ನಾನು ಅದನ್ನು ಟೈಪ್ ಮಾಡುವಾಗ ನಿಲ್ಲಿಸಿ, ಇದನ್ನು ಹೇಗೆ ಹಾಕಲಿ, ಇದು ಹುದ್ದೆಯ ಹೆಸರಲ್ಲವಲ್ಲ ಎಂದು ಕೇಳಿದೆ.

“ಹಂಗಽ ಹಾಕ್ರಿ. ಆಕಿ ಕೇಳಿದ್ದು ಅದನ್ನಽ.”

ಹಾಗೆಯೇ ಹಾಕಿದೆ.

ಬುಧವಾರ ಬೆಳಿಗ್ಗೆ ಆ ಪಟ್ಟಿ ಪತ್ರಿಕೆಯ ಮೊದಲ ಪುಟದಲ್ಲಿತ್ತು. ಆಡಳಿತ ಪಕ್ಷದವರೇ ಮಾಡಿದ ಪಟ್ಟಿ, ಮಂತ್ರಿಗಳ ಜಿಲ್ಲೆಯಲ್ಲಿಯೇ ಹೀಗೆ ಎಂದು ದೊಡ್ಡ ಅಕ್ಷರದಲ್ಲಿ ಹಾಕಿದ್ದರು. ಒಂದು ಪುಟದ ಫೋಟೋ ಕೂಡ ಇತ್ತು. ನಾನು ಬಿಟ್ಟ ಅಂಚು, ನಾನು ಹಾಕಿದ ಗೆರೆ. ಮಂಗಳವಾರ ಮೂರು ಗಂಟೆಗೆ ನಾನು ತೆಗೆದದ್ದು ಒಂದೇ ಪ್ರತಿ. ಅದನ್ನು ಕೊಟ್ಟದ್ದು ಒಬ್ಬರ ಕೈಗೆ. ಯಾರು ಪತ್ರಿಕೆಗೆ ಕೊಟ್ಟರು ಎಂದು ನನಗೆ ಯಾರೂ ಹೇಳಬೇಕಾಗಿರಲಿಲ್ಲ.

ಫೋನುಗಳು ಶುರುವಾದವು. ಮಂತ್ರಿಗಳ ಕಡೆಯವರು ಬಂದು ಕುರ್ಚಿ ಎಳೆದಾಡಿ ಹೋದರು. ವಾರದಲ್ಲಿ ಬೆಂಗಳೂರಿನಿಂದ ದೊಡ್ಡವರು ಬಂದು ಎರಡೂ ಕಡೆಯವರನ್ನು ಒಂದೇ ಕೋಣೆಯಲ್ಲಿ ಕೂರಿಸಿದರು. ಒಳಗೆ ಏನಾಯಿತೋ ನನಗೆ ಗೊತ್ತಿಲ್ಲ. ಹೊರಗೆ ಬರುವಾಗ ಮಂತ್ರಿಗಳೂ ಅಧ್ಯಕ್ಷರೂ ಒಬ್ಬರ ಹೆಗಲ ಮೇಲೆ ಒಬ್ಬರು ಕೈ ಹಾಕಿದ್ದರು. ಮರುದಿನ ಅಧ್ಯಕ್ಷರು ಒಂದು ಚೀಟಿ ತಂದು ನನ್ನ ಟೇಬಲ್ ಮೇಲೆ ಇಟ್ಟರು. ಅವರದೇ ಕೈಬರಹ. ಖಾನಾಪುರದ ಮಕ್ತುಮಸಾಬರು ಪಕ್ಷದ ಅನುಮತಿಯಿಲ್ಲದೆ ಪಟ್ಟಿ ತಯಾರಿಸಿ ಪತ್ರಿಕೆಗೆ ಕೊಟ್ಟ ಕಾರಣ ಅವರನ್ನು ಪ್ರಾಥಮಿಕ ಸದಸ್ಯತ್ವದಿಂದ ತೆಗೆದುಹಾಕಲು ಸರ್ವಾನುಮತದಿಂದ ತೀರ್ಮಾನಿಸಲಾಯಿತು.

“ಇದನ್ನ ಶನಿವಾರದ ಸಭಾಕ್ಕ ಅಂಟಿಸಿ ಇಡ್ರಿ.”

“ಸಾಹೇಬ್ರ, ಮಕ್ತುಮಣ್ಣ ಪೇಪರಿಗೆ ಕೊಟ್ಟಿಲ್ರಿ.”

“ನನಗ ಗೊತ್ತಿಲ್ಲೇನು ಅಕ್ಕಾರ?” ಎಂದರು. ಅವರ ದನಿಯಲ್ಲಿ ಸಿಟ್ಟು ಇರಲಿಲ್ಲ, ದಣಿವಿತ್ತು. “ಯಾರರೇ ಒಬ್ಬರು ಕೊಟ್ಟಿರಬೇಕಲ್ಲ. ಎರಡೂ ಕಡೆ ಒಪ್ಪೂವಂಥಾ ಹೆಸರು ಇದೊಂದಽ ಸಿಕ್ಕೇತಿ.”

ನಾನು ಟೈಪ್ ಮಾಡಿದೆ. ಎಡಗಡೆಯ ಪುಟಕ್ಕೆ ಅಂಟಿಸಿದೆ. ಆಗ ನನಗೆ ಒಂದು ಆಸೆ ಇತ್ತು. ಸಭೆಯಲ್ಲಿ ಇದನ್ನು ಓದುತ್ತಾರೆ, ಮಕ್ತುಮಣ್ಣನನ್ನು ಬಲ್ಲವರು ಆರೇಳು ಜನರಾದರೂ ಇದ್ದಾರೆ, ಅವರು ಎದ್ದು ನಿಲ್ಲುತ್ತಾರೆ, ಹಾಳೆ ಕಿತ್ತು ಹಾಕಿದರಾಯಿತು.

ಶನಿವಾರ ಎಲ್ಲರೂ ಬಲಗಡೆ ಸಹಿ ಮಾಡಿ ಒಳಗೆ ಹೋದರು. ಮಕ್ತುಮಣ್ಣ ಕಾರ್ಯಕಾರಿ ಸಮಿತಿಯ ಸದಸ್ಯರಲ್ಲ, ಆದ್ದರಿಂದ ಹೊರಗೆ ಬೆಂಚಿನ ಮೇಲೆ ಕುಳಿತರು. ಪತ್ರಿಕೆಯ ಗಲಾಟೆ ಅವರಿಗೆ ಗೊತ್ತಿತ್ತು, ಈ ಹಾಳೆಯ ವಿಷಯ ಗೊತ್ತಿರಲಿಲ್ಲ. ತಮ್ಮ ಪಟ್ಟಿಯನ್ನು ಸರ್ಕಾರಕ್ಕೆ ಕಳಿಸುವ ಮಾತು ಬರುತ್ತದೆ ಎಂದು ಕಾಯುತ್ತಿದ್ದರು. ಐದನೆಯ ನೋಟ್‌ಬುಕ್ ತಂದಿದ್ದರು.

ಒಳಗೆ ಒಪ್ಪಂದ ಅರ್ಧ ಗಂಟೆಯೂ ನಿಲ್ಲಲಿಲ್ಲ. ಎರಡೂ ಗುಂಪು ಕೂಡಿ ಒಂದು ಕಾರ್ಯಕ್ರಮ ಮಾಡುವುದು ಎಂದಾಗಿತ್ತು. ಅದರ ಹೆಸರು ಏನಿರಬೇಕು ಎನ್ನುವಲ್ಲಿ ಜಗಳ ಹತ್ತಿತು.

“ಉದ್ಯೋಗ ಮೇಳ ಅಂತ ಇರ್ಲಿ. ಕೆಲಸ ಕೊಡಾಕತ್ತೇವಿ ಅಂತ ಕಾಣಬೇಕು,” ಎಂದರು ಮಂತ್ರಿಗಳ ಕಡೆಯವರೊಬ್ಬರು.

“ಎಲ್ಲಿ ಕೊಡಾಕತ್ತೀರಿ? ನಿರುದ್ಯೋಗಿಗಳ ನೋಂದಣಿ ಅಂತ ಹಾಕ್ರಿ. ಖರೇ ಹೇಳಾಕ ಯಾಕ ಅಂಜತೀರಿ?”

“ಕೆಲಸ ಇಲ್ಲಂತ ನಾವಽ ಬೋರ್ಡ್ ಹಾಕ್ಕೊಂಡ್ರ ಓಟ್ ಯಾರು ಹಾಕ್ತಾರ್ರೀ?”

“ಐತಿ ಅಂತ ಬೋರ್ಡ್ ಹಾಕ್ಕೊಂಡು ನಮ್ಮೂರಿಗೆ ಬರ್ರಿ. ಹೋಗೂ ಮುಂದ ಚಪ್ಪಲಿ ಹುಡಕಬೇಕಾಕ್ಕೈತಿ.”

“ನಿಮ್ಮ ಅಳಿಯಂದು ಆಗೇತಲ್ಲ ಕೆಲಸ, ನಿಮಗ್ಯಾಕ ಚಿಂತಿ?”

ಅಳಿಯನ ಮಾತು ಬಂದ ಮೇಲೆ ಮೇಜು ಬಡಿದರು, ಎದ್ದರು, ಕುಳಿತರು. ನಾನು ಮೂಲೆಯಲ್ಲಿ ಕುಳಿತು ನೋಡುತ್ತಿದ್ದೆ. ಮಕ್ತುಮಣ್ಣನ ಹೆಸರನ್ನು ಯಾರೂ ಎತ್ತಲಿಲ್ಲ. ಒಳ್ಳೆಯದಕ್ಕೂ ಇಲ್ಲ, ಕೆಟ್ಟದ್ದಕ್ಕೂ ಇಲ್ಲ. ಪಟ್ಟಿಯಲ್ಲಿದ್ದವರ ಮಾತೂ ಬರಲಿಲ್ಲ. ಒಂದೂವರೆಗೆ ಊಟ ಬಂತು. ಪಲಾವಿನ ವಾಸನೆಗೆ ಸಭೆ ತಾನಾಗಿ ಮುಗಿಯಿತು.

ಅಧ್ಯಕ್ಷರು ಕೈ ತೊಳೆಯಲು ಹೋಗುವಾಗ ನನ್ನ ಬಳಿ ನಿಂತರು. “ಆ ಹಾಳಿ ಅಂಟಿಸೀರಲ್ಲ?”

“ಅಂಟಿಸೇನ್ರಿ. ಸಭಾದಾಗ ಅದು ಬರಲಿಲ್ಲಲ್ರಿ.”

“ಬರದಿದ್ರ ಏನಾತು? ಎಲ್ಲಾರ ಸಹಿ ಅದಾವಲ್ಲ. ಇರ್ಲಿ ಬಿಡ್ರಿ.”

ಹೂಂ ರೀ ಎಂದೆ. ಹೊರಗೆ ಬಂದರೆ ಮಕ್ತುಮಣ್ಣ ಎದ್ದು ನಿಂತರು.

“ಏನಾತು ಅಕ್ಕಾ? ಬಾಳ ಒದರಾಡಿದ್ರಲ್ಲ.”

“ಊಟಕ್ಕ ಎದ್ದ್ರು.”

“ನನ್ನ ಪಟ್ಟಿ?”

“ಆ ಮಾತ ಬರಲಿಲ್ಲ.”

“ಮುಂದಿನ ಸಭಾಕ್ಕ ಬರ್ತೈತಿ ಬಿಡ್ರಿ,” ಎಂದು ನೋಟ್‌ಬುಕ್ ಚೀಲಕ್ಕೆ ಹಾಕಿಕೊಂಡರು. ಎಲ್ಲರ ಜೊತೆ ಸಾಲಿನಲ್ಲಿ ನಿಂತು ಊಟ ಮಾಡಿದರು. ಸಹಿ ಮಾಡಿದವರಲ್ಲಿ ಇಬ್ಬರು ಅವರ ತಟ್ಟೆಗೆ ಪಲಾವು ಬಡಿಸಿದರು. ಆ ಇಬ್ಬರಿಗೂ ತಾವು ಯಾವುದರ ಎದುರಿಗೆ ಸಹಿ ಮಾಡಿದ್ದೇವೆ ಎಂದು ಗೊತ್ತಿರಲಿಲ್ಲ.

ಮೂರು ದಿನದ ನಂತರ ಸದಸ್ಯತ್ವ ತೆಗೆದ ಪತ್ರ ಮಕ್ತುಮಣ್ಣನಿಗೆ ರಿಜಿಸ್ಟರ್ ಪೋಸ್ಟಿನಲ್ಲಿ ಹೋಯಿತು. ಅದನ್ನು ಟೈಪ್ ಮಾಡಿದ್ದೂ ನಾನೇ. ಆ ವಾರದ ಕೊನೆಗೆ ಮಕ್ತುಮಣ್ಣ ಅದನ್ನು ಹಿಡಿದುಕೊಂಡು ಬಂದರು. ಕುಂದರ್ರಿ ಎಂದರೂ ಕೂರಲಿಲ್ಲ.

“ಅಕ್ಕಾ, ಸರ್ವಾನುಮತ ಅಂದ್ರ ಎಲ್ಲಾರೂ ಅಂತಲ್ಲಾ?”

ಪತ್ರವನ್ನು ನನ್ನ ಟೇಬಲ್ ಮೇಲೆ ಬಿಡಿಸಿಟ್ಟರು.

“ನಿಮ್ಮ ಹಾಳಿ ಮೊದಲಽ ಬರದಿರ್ತಾವ, ಅದು ನನಗ ಗೊತ್ತೈತಿ. ಅದಕ್ಕಽ ಕೇಳಾಕ ಬಂದೇನಿ. ಇದು ಹಾಳ್ಯಾಗ ಅಷ್ಟ ಐತೋ, ಖರೇನಽ ಸಭಾದಾಗ ಆತೋ? ಯಾರರೇ ಕೈ ಎತ್ತಿದ್ರ? ಹೆಸರು ಹೇಳ್ರಿ, ನಾ ಜಗಳ ಮಾಡಾಂವಲ್ಲ. ಇಪ್ಪತ್ತಾರು ವರ್ಷ ಕೂಡಿ ಉಂಡೇವಿ. ನನ್ನ ಬ್ಯಾಡ ಅಂದದ್ದು ಯಾರು ಅಂತ ತಿಳದ್ರ ಸಾಕು.”

ನಾನು ಆಗ ಹೇಳಬಹುದಿತ್ತು. ಒಂದೇ ಮಾತು, ಯಾರೂ ಇಲ್ಲ ಎಂದು. ಕಚೇರಿಯಲ್ಲಿ ಆಗ ನಾವಿಬ್ಬರೇ ಇದ್ದೆವು. ಹೆದರಿ ಹೇಳಲಿಲ್ಲ ಎಂದು ಬರೆದುಕೊಂಡರೆ ಸ್ವಲ್ಪ ಸಮಾಧಾನವಾಗುತ್ತಿತ್ತು. ನಿಜ ಹೇಳಬೇಕೆಂದರೆ ಅಷ್ಟು ಹೆದರಿಕೆಯೂ ಇರಲಿಲ್ಲ. ಪುಸ್ತಕದಲ್ಲಿ ಇದ್ದದ್ದಕ್ಕೆ ಬೇರೆ ಮಾತು ಆಡಿ ನನಗೆ ಅಭ್ಯಾಸವೇ ಇರಲಿಲ್ಲ.

“ನನಗ ಗೊತ್ತಿಲ್ಲ ಅಣ್ಣಾ. ಚಾ ತರಸಾಕ ಒಳಗ ಹೊರಗ ಅಡ್ಡಾಡ್ತಿದ್ದೆ.”

ಅವರು ಪತ್ರವನ್ನು ಮಡಿಸಿ ಚೀಲಕ್ಕೆ ಹಾಕಿಕೊಂಡರು. “ಹಂಗಾದ್ರ ಆಗೇತಿ,” ಎಂದರು. ಸುಳ್ಳಾಗಿದ್ದರೆ ನಾನು ಹೇಳದೆ ಇರುವುದಿಲ್ಲ ಎಂದು ನಂಬಿದ್ದರು. ಆದ್ದರಿಂದ ಎಲ್ಲರೂ ಕೈ ಎತ್ತಿದ್ದಾರೆ ಎಂದು ಅವತ್ತು ಅವರಿಗೆ ಖಾತ್ರಿಯಾಯಿತು.

ಆಮೇಲೆ ಅವರು ಬೆಳಗಾವಿಗೆ ಬರಲಿಲ್ಲ. ಉದ್ಯೋಗ ಮೇಳ ಎಂದೇ ಹೆಸರಿಟ್ಟು ಕಾರ್ಯಕ್ರಮ ಆಯಿತು, ಎರಡು ಫೋಟೋಗಳೂ ಒಂದೇ ಅಳತೆಯಲ್ಲಿದ್ದವು. ಕಂಪನಿಗಳವರು ಅರ್ಜಿ ತುಂಬಿಸಿಕೊಂಡು ಹೋದರು. ಪುಣೆಯ ಕಡೆ ವಾಚ್‌ಮನ್ ಕೆಲಸಕ್ಕೆ ಕೆಲವರನ್ನು ಕರೆದರು ಎಂದು ಕೇಳಿದೆ. ಮಕ್ತುಮಣ್ಣನ ಪಟ್ಟಿ ಎಲ್ಲಿಗೂ ಹೋಗಲಿಲ್ಲ. ಖಾನಾಪುರದ ಸಂತೆಯಲ್ಲಿ ಹಳ್ಳಿಯವರು ಅವರನ್ನು ನಿಲ್ಲಿಸಿ, “ಆಮಚಿ ಯಾದಿ ಕುಠೆ ಗೇಲಿ?” ನಮ್ಮ ಪಟ್ಟಿ ಎಲ್ಲಿ ಹೋಯಿತು, ಎಂದು ಮರಾಠಿಯಲ್ಲಿ ಕೇಳುತ್ತಿದ್ದರಂತೆ. ಉತ್ತರ ಇಲ್ಲದ್ದಕ್ಕೆ ಅವರು ಸಂತೆಗೆ ಹೋಗುವುದನ್ನೇ ಬಿಟ್ಟರು. ನಮ್ಮ ಕಾರ್ಯಕರ್ತರು ಎದುರಿಗೆ ಬಂದರೆ ರಸ್ತೆ ದಾಟಿ ಆಚೆ ಬಾಜು ಹೋಗುತ್ತಿದ್ದರಂತೆ. ಅವರಿಗೆ ಅವರೆಲ್ಲ ಕೈ ಎತ್ತಿದವರು.

ನಾನು ನಿವೃತ್ತಳಾದ ವರ್ಷ ಚಳಿಗಾಲದಲ್ಲಿ ಅವರು ತೀರಿಕೊಂಡರು. ಬೆಳಿಗ್ಗೆ ನಾಷ್ಟಾ ಮಾಡುವಾಗ ಎದೆ ಹಿಡಿದುಕೊಂಡರಂತೆ. ನನಗೆ ಸುದ್ದಿ ತಡವಾಗಿ ಮುಟ್ಟಿತು, ಮಣ್ಣಿಗೆ ಹೋಗಲು ಆಗಲಿಲ್ಲ. ನಲವತ್ತನೆಯ ದಿನ ಕಳೆದ ಮೇಲೆ ಖಾನಾಪುರಕ್ಕೆ ಹೋದೆ. ಅವರ ಹೆಂಡತಿ ಹಸೀನಾ ಭಾಭಿ ಬಾಗಿಲಲ್ಲಿ ನೋಡಿ, “ಆವ್ ಬಾಯಿ, ಅಂದರ್ ಆವ್,” ಎಂದು ಕೈ ಹಿಡಿದು ಒಳಗೆ ಕರೆದರು. ಚಹಾ ಕೊಟ್ಟರು. ಗೋಡೆಯ ಗೂಟಕ್ಕೆ ಅವರ ಚೀಲ ಹಾಗೆಯೇ ತೂಗುಬಿಟ್ಟಿತ್ತು.

“ರಾತ್ರಿ ಹಗಲ ಒಂದಽ ಹೇಳ್ತಿದ್ರು ಬಾಯಿ,” ಎಂದರು ಭಾಭಿ. “ಎಲ್ಲಾರೂ ಬ್ಯಾಡ ಅಂದ್ರು, ಒಬ್ಬರರೇ ಬ್ಯಾಡ ತಗೀಬ್ಯಾಡ್ರಿ ಅನಲಿಲ್ಲ ಅಂತ. ನಾ ಏನ ತಪ್ಪ ಮಾಡಿದ್ದೆ ಅಂತ.”

ಆಗ ನಾನು ಹೇಳಿದೆ. ಸಭೆಯಲ್ಲಿ ಅವರ ಹೆಸರೇ ಬರಲಿಲ್ಲ, ಯಾರೂ ಕೈ ಎತ್ತಲಿಲ್ಲ, ಹಾಳೆಯನ್ನು ಹಿಂದಿನ ದಿನವೇ ನಾನು ಟೈಪ್ ಮಾಡಿ ಅಂಟಿಸಿದ್ದೆ ಎಂದು. ಅವರು ಕೇಳಿದಾಗ ಗೊತ್ತಿಲ್ಲ ಎಂದೆ ಎನ್ನುವುದನ್ನೂ ಹೇಳಿದೆ. ಭಾಭಿ ಬೈಯುತ್ತಾರೆ ಎಂದುಕೊಂಡಿದ್ದೆ. ಅವರು ಸೆರಗಿನ ತುದಿಯನ್ನು ಮಡಿಸುತ್ತಾ ಬಿಚ್ಚುತ್ತಾ ಕುಳಿತರು.

“ಇದನ್ನ ಅವರ ಮುಂದ ಹೇಳಿದ್ರ ರೊಟ್ಟಿ ನೆಟ್ಟಗ ಉಣತಿದ್ರು,” ಎಂದರು. ಆಮೇಲೆ, “ಈಗರೇ ಆ ಪುಸ್ತಕದಾಗ ಬರಸ್ರಿ. ಮಕ್ಕಳು ಓದೂವಂಗ,” ಎಂದರು.

ಅದಕ್ಕಾಗಿ ನಾನು ಓಡಾಡಿದ್ದೇನೆ. ಮೊದಲು ಕಚೇರಿಗೆ ಪತ್ರ ಬರೆದೆ, ಆ ದಿನದ ಠರಾವು ಸಭೆಯಲ್ಲಿ ಆಗಿಲ್ಲ, ತಿದ್ದಬೇಕು ಎಂದು. ಈಗಿನ ಕಾರ್ಯದರ್ಶಿ ಹುಡುಗಿ ಒಳ್ಳೆಯವಳು. ಪುಸ್ತಕ ತೆಗೆದು ತೋರಿಸಿದಳು, ಕುರ್ಚಿ ಕೊಟ್ಟಳು.

“ಅಕ್ಕಾರ, ಇವೆಲ್ಲಾ ಸ್ಕ್ಯಾನ್ ಮಾಡಿ ಮ್ಯಾಲ ಕಳಿಸೇವ್ರಿ. ತಿದ್ದಬೇಕಂದ್ರ ಸಭಾದಾಗ ಇನ್ನೊಂದು ಠರಾವು ಆಗಬೇಕು. ಅದನ್ನ ಯಾರು ತರತಾರ್ರಿ?”

ಅಂದು ಸಹಿ ಮಾಡಿದವರ ಮನೆಗಳಿಗೆ ಹೋದೆ. ನಾಲ್ವರು ಹೌದು, ಆ ಮಾತು ಬಂದಿರಲಿಲ್ಲ ಎಂದು ಒಪ್ಪಿದರು. ಬರೆದುಕೊಡಿ ಎಂದರೆ ಒಬ್ಬರೂ ಕೊಡಲಿಲ್ಲ. ಈಗ ಮತ್ತೆ ಎರಡು ಗುಂಪಾಗಿವೆ, ಈ ಸಲ ಬೇರೆ ಕಾರಣಕ್ಕೆ. ಬರೆದುಕೊಟ್ಟರೆ ಯಾವ ಗುಂಪಿನವರು ಎಂದು ಕೇಳುತ್ತಾರಂತೆ. ಹಳೆಯ ಅಧ್ಯಕ್ಷರನ್ನೂ ಕಂಡೆ. ಅವರಿಗೂ ವಯಸ್ಸಾಗಿದೆ. ಟಿಕೆಟ್ ಸಿಗಲಿಲ್ಲ. ವರಾಂಡದಲ್ಲಿ ಕುಳಿತು ನಾನು ಹೇಳಿದ್ದನ್ನೆಲ್ಲ ಕೇಳಿಸಿಕೊಂಡರು.

“ಮಕ್ತುಮ ಒಳ್ಳೆ ಮನಶ್ಯಾ ಇದ್ದ. ಆದ್ರ ಅಕ್ಕಾರ, ಸತ್ತವರ ಸದಸ್ಯತ್ವ ತಗೊಂಡು ಏನ್ಮಾಡ್ತೀರಿ?”

“ಸದಸ್ಯತ್ವ ಬ್ಯಾಡ್ರಿ. ಯಾರೂ ಕೈ ಎತ್ತಲಿಲ್ಲ ಅಂತ ಅಷ್ಟ ಬರೀಬೇಕಾಗೇತಿ.”

“ನೀವು ಇದ್ದಾಗ ಬರೀಬೇಕಿತ್ತು,” ಎಂದರು.

ಈ ಕೆಲಸಕ್ಕೆ ಬರುವವರಿಗೆ ನಾನು ಹೇಳಬೇಕಾದದ್ದು ಇಷ್ಟೇ. ಠರಾವನ್ನು ಸಭೆ ಮುಗಿದ ಮೇಲೆ ಬರೆಯಿರಿ, ಹತ್ತು ಮಂದಿ ಹತ್ತು ಥರ ಹೇಳಿದರೆ ಹತ್ತನ್ನೂ ಬರೆಯಿರಿ. ನಾನು ಕಳೆದ ವಾರವೂ ಕಚೇರಿಗೆ ಹೋಗಿ ಪುಸ್ತಕ ತೆಗೆಸಿ ನೋಡಿದೆ. ಎಡಗಡೆಯ ಪುಟದಲ್ಲಿ ಸರ್ವಾನುಮತ ಎಂದು ಇದೆ. ಬಲಗಡೆ ಎಲ್ಲರ ಸಹಿ ಇದೆ. ಆ ಶನಿವಾರ ಮಕ್ತುಮಸಾಬರನ್ನು ಬೇಡ ಎಂದವರು ಒಬ್ಬರೂ ಇರಲಿಲ್ಲ ಎನ್ನುವ ಒಂದು ಸಾಲು ಅಲ್ಲಿ ಇನ್ನೂ ಇಲ್ಲ.